ಷಡಕ್ಷರಪ್ಪನವರ ಮಟ್ಟದ ಕಲ್ಲು

ಷಡಕ್ಷರಪ್ಪನವರು ನಲವತ್ತು ಹೆಜ್ಜೆಗೊಮ್ಮೆ ನಿಲ್ಲುತ್ತಾರೆ. ಅಜ್ಜಂಪುರದ ಸಂತೆಗೆ ಹೊರಟಿರಲಿ, ಹೆಣದ ಹಿಂದೆ ನಡೆಯುತ್ತಿರಲಿ, ನಲವತ್ತು ಮುಗಿದೊಡನೆ ಕ್ಷಣಕಾಲ ನಿಂತು, ಹಿಂದಕ್ಕೊಮ್ಮೆ ಮುಂದಕ್ಕೊಮ್ಮೆ ಕಣ್ಣು ಹಾಯಿಸಿ, ಆಮೇಲೆ ಕಾಲೆತ್ತುವುದು. ಮೂವತ್ತೈದು ವರ್ಷ ನೆಲದ ಎತ್ತರ ಅಳೆದ ಸರ್ವೇಯರ್ ಅವರು. ಮಟ್ಟ ನೋಡುವ ಉಪಕರಣದಿಂದ ಹಿಂದೆ ನಿಲ್ಲಿಸಿದ ಅಳತೆಪಟ್ಟಿಗೂ ಮುಂದಿನದಕ್ಕೂ ನಲವತ್ತು ನಲವತ್ತು ಹೆಜ್ಜೆಯಂತೆ ಅಂತರ ಸಮನಾಗಿರಬೇಕೆಂಬ ಕಸುಬಿನ ಶಿಸ್ತು, ನಿವೃತ್ತರಾಗಿ ಹದಿನೆಂಟು ವರ್ಷ ಕಳೆದರೂ ಅವರ ಕಾಲುಗಳನ್ನು ಬಿಟ್ಟಿಲ್ಲ. ಮೈಮೇಲೆ ಮಾಸಿದ ಖಾಕಿ ಕೋಟು, ಕೈಯಲ್ಲೊಂದು ಕಪ್ಪು ಕೊಡೆ. ಆ ಕೊಡೆಯನ್ನು ಅವರು ತಮ್ಮ ತಲೆಗೆ ಹಿಡಿದದ್ದನ್ನು ನಾನಂತೂ ಕಂಡಿಲ್ಲ. ಬಿಸಿಲಿಗೆ ಉಪಕರಣ ಕಾದರೆ ಅಳತೆ ಕೆಡುತ್ತದೆಂದು ಜೀವಮಾನವೆಲ್ಲ ಅದಕ್ಕೆ ನೆರಳು ಹಿಡಿದವರು, ಈಗಲೂ ಕೊಡೆಯನ್ನು ಪಕ್ಕಕ್ಕೇ ಬಿಚ್ಚಿ ಹಿಡಿದು ತಾವು ಬಿಸಿಲಲ್ಲಿ ನಡೆಯುತ್ತಾರೆ.

"ನೆತ್ತಿ ಸುಟ್ಟೋಯ್ತದೆ ಕಣ್ರೀ" ಎಂದು ಹೆಂಡತಿ ಈಶ್ವರಮ್ಮ ಗೊಣಗಿದರೆ, "ನೆತ್ತಿ ಏನು ಅಳತೆ ತೋರ್ಸ್ತದಾ, ಬಿಡೇ" ಎಂದುಬಿಡುತ್ತಾರೆ.

ಊರಾಚೆ, ಬೀರೂರು ರಸ್ತೆಯ ಪಕ್ಕ, ಅವರು ಯೌವನದಲ್ಲಿ ನೆಟ್ಟ ಕಲ್ಲೊಂದಿದೆ. ಸಮುದ್ರಮಟ್ಟದಿಂದ ಆ ಜಾಗ ಎಷ್ಟು ಎತ್ತರವೆಂಬುದು ಮಿಲಿಮೀಟರಿನವರೆಗೆ ಅದರ ಮೇಲೆ ಬಣ್ಣದಲ್ಲಿ ಬರೆದಿದೆ. ಪ್ರತಿ ದೀಪಾವಳಿಗೆ ಅಂಕಿಗಳಿಗೆ ಬಣ್ಣ ಹಚ್ಚುವವರೂ ಅವರೇ. ಹೋದ ಬೇಸಿಗೆಯಲ್ಲಿ ರಸ್ತೆ ಅಗಲ ಮಾಡಲು ಅಳತೆಗೆ ಬಂದ ಮಾಲಿನಿ ಎಂಬ ಹೊಸ ಇಂಜಿನಿಯರ್ ಹುಡುಗಿ, ಉಪಗ್ರಹದಿಂದ ಎತ್ತರ ತಿಳಿಯುವ ಯಂತ್ರವನ್ನು ಕಲ್ಲಿನ ಮೇಲಿಟ್ಟಳು. ಎಂಬತ್ತೇಳು ಮೀಟರ್ ಕಡಿಮೆ ಬಂತು! ಕಲ್ಲು ತಪ್ಪು, ಕಿತ್ತುಹಾಕಬಹುದು ಎಂದು ಬರೆದುಕೊಂಡಳು.

ಸುದ್ದಿ ಮುಟ್ಟಿದಾಗ ಷಡಕ್ಷರಪ್ಪನವರು ಊಟದ ನಡುವೆ ಕೈತೊಳೆದು ಎದ್ದರು. ಆಯುಷ್ಯದ ಮರ್ಯಾದೆಯೆಲ್ಲ ಆ ಕಲ್ಲಿನ ಮೇಲಿತ್ತು. ಆದರೂ ಆವತ್ತೂ ನಲವತ್ತಕ್ಕೆ ನಿಂತು ನಿಂತೇ ಹೋದರು.

"ಯಂತ್ರ ಸುಳ್ಳು ಹೇಳಲ್ಲ ಸರ್" ಎಂದಳು ಮಾಲಿನಿ.

"ಇಲ್ಲ ಕಣಮ್ಮ, ಹೇಳಲ್ಲ. ರೈಲ್ವೆ ಸ್ಟೇಷನ್ ಬೋರ್ಡ್ ತಾವನೂ ಒಂದ್ಸಲ ಇಟ್ನೋಡಾಣ ಬಾ."

ಸ್ಟೇಷನ್ನಿನ ಹಳದಿ ಫಲಕದಲ್ಲಿ ಊರ ಹೆಸರಿನ ಕೆಳಗೆ ಸಮುದ್ರಮಟ್ಟದ ಎತ್ತರವೂ ಇರುತ್ತದಲ್ಲ, ಯಂತ್ರ ಅಲ್ಲೂ ಅಷ್ಟೇ ಕಡಿಮೆ ತೋರಿಸಿತು. ಹುಡುಗಿಯ ಮುಖ ಸಣ್ಣದಾಯಿತು.

"ನಿನ್ ಯಂತ್ರ ಭೂಮಿನ ಮೇಲೆ ಕೆಳಗೆ ಒತ್ತಿದ ನುಣುಪಾದ ಚೆಂಡು ಅಂತ ಲೆಕ್ಕ ಹಾಕ್ತದೆ. ನಿಜವಾದ ಭೂಮಿ ಅಷ್ಟು ನುಣುಪಿಲ್ಲ. ಒಳಗಿನ ಭಾರ ಎಲ್ಲಾ ಕಡೆ ಒಂದೇ ಇಲ್ಲ, ಸೆಳೆತಾನೂ ಒಂದೇ ಇಲ್ಲ. ಅದ್ಕೇ ಸಮುದ್ರದ ಮಟ್ಟ ಒಂದ್ಕಡೆ ಉಬ್ಬಿರ್ತದೆ, ಒಂದ್ಕಡೆ ತಗ್ಗಿರ್ತದೆ. ನಮ್ ಕಡೆ ಆ ಚೆಂಡಿಗಿಂತ ಎಂಬತ್ತೇಳು ಮೀಟರ್ ತಗ್ಗು. ನೀನು ಚೆಂಡಿಂದ ಅಳ್ದೆ, ನಾನು ನೀರಿನ ಮಟ್ಟದಿಂದ ಅಳ್ದೆ."

"ಕಾಲೇಜಲ್ಲಿ ಓದಿದ್ದೆ ಸರ್. ಆ ತಿದ್ದುಪಡಿ ಹಾಕೋದೇ ಮರ್ತೋಯ್ತು" ಎಂದು ಅವಳು ನಾಲಿಗೆ ಕಚ್ಚಿಕೊಂಡಳು.

ಇನ್ನೊಬ್ಬರಾಗಿದ್ದರೆ ಮೀಸೆ ತಿರುವಿಕೊಂಡು ಮನೆಗೆ ಬರುತ್ತಿದ್ದರು. ಇವರು, "ಹೆಂಗೂ ಬಂದಿದೀಯ, ಸ್ಟೇಷನ್ನಿನ ಎತ್ತರದ ಗುರುತಿಂದ ಕಲ್ಲಿನವರೆಗೂ ಅಳ್ದೇಬಿಡಾಣ" ಎಂದು ಹಟ ಹಿಡಿದರು. ನಾಲ್ಕು ಕಿಲೋಮೀಟರ್, ಹೋಗುತ್ತ ಒಮ್ಮೆ, ಬರುತ್ತ ಒಮ್ಮೆ. ಹೊರಟಲ್ಲಿಗೆ ಮರಳದೆ ಅಳತೆ ಮುಗಿಯದು. ಎರಡು ದಿನವೂ ಅವಳು ಮಟ್ಟದ ಉಪಕರಣದಲ್ಲಿ ಕಣ್ಣಿಟ್ಟಳು, ಇವರು ಅದಕ್ಕೆ ಕೊಡೆ ಹಿಡಿದರು. ಕೊನೆಗೆ ಲೆಕ್ಕ ಕೂಡಿಸಿದರೆ, ಕಲ್ಲಿನ ಮೇಲಿನ ಅಂಕಿ ಒಂಬತ್ತು ಮಿಲಿಮೀಟರ್ ಹೆಚ್ಚಿತ್ತು.

"ಇಷ್ಟು ವ್ಯತ್ಯಾಸ ನಿಯಮದೊಳಗೇ ಇದೆ, ಬಿಟ್ಬಿಡಿ ಸರ್."

ಮರುದಿನ ಬೆಳಿಗ್ಗೆ ಅವರು ಮಾಲಿನಿಯನ್ನೂ ಕರೆದುಕೊಂಡು, ಉಜ್ಜುವ ಕಾಗದ ಮತ್ತು ಬಣ್ಣದ ಡಬ್ಬಿಯೊಡನೆ ಕಲ್ಲಿನ ಮುಂದೆ ಕುಕ್ಕರಗಾಲಿನಲ್ಲಿ ಕೂತು, ಇಷ್ಟು ವರ್ಷ ತಾವೇ ತಿದ್ದಿ ತಿದ್ದಿ ಬರೆದ ಕೊನೆಯ ಅಂಕಿಗಳನ್ನು ಉಜ್ಜಿ ತೆಗೆದರು. ಬಳಿಕ ಕುಂಚವನ್ನು ಮಾಲಿನಿಯ ಕೈಗಿಟ್ಟು, "ಅಳ್ದೋಳು ನೀನು, ನೀನೇ ಬರಿ" ಎಂದರು. ಅವಳು ಬರೆಯುವಷ್ಟು ಹೊತ್ತೂ ಅವಳ ತಲೆಗೆ ಕೊಡೆ ಹಿಡಿದು ನಿಂತಿದ್ದರು.

ಇಂಥವರು ಸೋಲಲು ಹೆದರುವವರಲ್ಲ, ತಪ್ಪನ್ನು ಉಳಿಸಿಹೋಗಲು ಹೆದರುವವರು. ಪರರು ಹೊರಿಸಿದ ಎಂಬತ್ತೇಳು ಮೀಟರಿಗೆ ಜಗ್ಗದ ಬೆನ್ನು, ತಮ್ಮದೇ ಒಂಬತ್ತು ಮಿಲಿಮೀಟರಿಗೆ ತಾನಾಗಿ ಬಾಗುತ್ತದೆ.