ಪಾಸಿಲ್ಲದ ಕಲ್ಲು

ಬೆಳಿಗ್ಗೆ ಏಳೂ ಕಾಲಿಗೆ ನನ್ನನ್ನು ನೆಲದಿಂದ ಬಿಡಿಸಿದರು. ಮಾರ್ಚ್ ತಿಂಗಳು. ಯಂತ್ರದ ಗರಗಸ ಹಿಂದಿನ ಸಂಜೆಯೇ ನನ್ನ ನಾಲ್ಕೂ ಬದಿಗೆ ಗೆರೆ ಕೊರೆದಿತ್ತು. ಪೊಡಿಯಬ್ಬ ಎಂಬ ಕೆಲಸಗಾರ ಅಡಿಗೆ ಹಾರೆ ತೂರಿಸಿ ಒಮ್ಮೆ ಮೀಟಿದ, ಅಷ್ಟೆ. ನಾನು ಒಂದು ಕೆಂಪು ಕಲ್ಲು.

ಹುಟ್ಟಿದಾಗ ನಾನು ಗಟ್ಟಿಯಿರಲಿಲ್ಲ. ನೆಲದೊಳಗಿನ ಕೆಂಪು ಕಲ್ಲು ಹಸಿ. ಉಗುರಿನಿಂದ ಗೀರಿದರೂ ಪುಡಿ ಉದುರುತ್ತದೆ. ಗಾಳಿ ಬಿಸಿಲಿಗೆ ಎರಡು ತಿಂಗಳು ಬಿದ್ದಿದ್ದರೆ ಮಾತ್ರ ಬಿಗಿಯುತ್ತದೆ. ನನಗೆ ಆ ಎರಡು ತಿಂಗಳು ಸಿಗುವಂತಿರಲಿಲ್ಲ.

ನನ್ನ ಜನ್ಮಸ್ಥಳ ದೊಡ್ಡ ಕಲ್ಲುಕೋರೆಯಲ್ಲ, ಲೋಲಾಕ್ಷಿ ಮತ್ತು ಐತಪ್ಪ ಎಂಬ ಗಂಡ ಹೆಂಡಿರ ಹತ್ತು ಸೆಂಟ್ಸ್ ನಿವೇಶನ. ಅರ್ಧ ದಿಬ್ಬ, ಅರ್ಧ ತಗ್ಗು. ಮನೆ ಕಟ್ಟಲು ಪಂಚಾಯತ್ ಪರವಾನಗಿ ಇತ್ತು. ನೆಲ ಸಮ ಮಾಡುವಾಗ ಸಿಗುವ ಕಲ್ಲನ್ನು ಅಲ್ಲಿಯೇ ಬಳಸಲು ಗಣಿ ಇಲಾಖೆಯ ಅನುಮತಿಯೂ ಇತ್ತು. ಅವರು ಬಾಡಿಗೆಗಿದ್ದ ಲೈನ್ ಕೋಣೆಯನ್ನು ಹೆದ್ದಾರಿ ಅಗಲೀಕರಣಕ್ಕಾಗಿ ಮೇ ಕೊನೆಗೆ ಕೆಡವುವುದಿತ್ತು. ಅಷ್ಟರೊಳಗೆ ಸೂರು ಬೇಕು. ಲೋಲಾಕ್ಷಿಗೆ ಸೂರಿನ ಜೊತೆ ಇನ್ನೊಂದು ಬೇಕಿತ್ತು: ಹೊಲಿಗೆ ಯಂತ್ರ ಇಡಲು ಒಂದು ಕೋಣೆ. ಮಂಚದ ಮೇಲೆ ಬಟ್ಟೆ ಕತ್ತರಿಸಿ ಸಾಕಾಗಿದೆ ಎಂದು ಅವಳು ಬಂದವರಿಗೆಲ್ಲ ಹೇಳುತ್ತಿದ್ದಳು.

ಜನವರಿಯಲ್ಲಿ ತೆಗೆದ ಕಲ್ಲುಗಳು ಒಣಗಿ ಸಿದ್ಧವಾಗಿದ್ದವು. ನಮ್ಮ ರಾಶಿ ಹಸಿ. ಮೇಸ್ತ್ರಿ ಕೊರಗಪ್ಪ ನನ್ನ ಮೈಗೆ ಹೆಬ್ಬೆರಳು ಒತ್ತಿ ನೋಡಿದ.

"ಇದು ಕಲ್ಲಲ್ಲ ಐತಪ್ಪಣ್ಣ, ಹಲ್ವ. ಇದರಲ್ಲಿ ಗೋಡೆ ಎಬ್ಬಿಸಿದ್ರೆ ಮಳೆಗಾಲದಲ್ಲಿ ನೀವೇ ಬಂದು ನಂಗೆ ಬೈತೀರಿ."

"ಮತ್ತೆ ಎಂತ ಮಾಡುದು ಮಾರಾಯ?"

"ಬದಲು ಮಾಡಿ. ಜೂಲಿಯಾನ ಬಾಯಿಯ ಹಟ್ಟಿ ಬಿಚ್ಚಿದ ಕಲ್ಲು ಉಂಟಲ್ಲ."

ಆ ಊರಲ್ಲಿ ಅದು ಹಿಂದಿನಿಂದ ಬಂದ ರೂಢಿ. ಅವಸರ ಇದ್ದವರು ಹಸಿ ಕಲ್ಲು ಕೊಟ್ಟು, ಅವಸರ ಇಲ್ಲದವರಿಂದ ಒಣಗಿದ ಕಲ್ಲು ತರುತ್ತಾರೆ. ಹಣದ ಮಾತಿಲ್ಲ. ಹಳೆಯ ದನದ ಹಟ್ಟಿ ಬಿಚ್ಚಿ, ಹೊಸದನ್ನು ಮಳೆ ಕಳೆದ ಮೇಲೆ ಕಟ್ಟುವವರಿದ್ದ ನೆರೆಯ ಜೂಲಿಯಾನ ಬಾಯಿ ತಕ್ಷಣ ಒಪ್ಪಿದರು. "ತಂದು ಹಾಕಿ. ನನ್ನ ದನ ಒಂದು ವರ್ಷ ಪಕ್ಕದವರ ಹಟ್ಟಿಯಲ್ಲಿದ್ರೆ ಕೋಪ ಮಾಡ್ಲಿಕ್ಕಿಲ್ಲ."

ಅವರ ಮನೆ ರಸ್ತೆಯ ಆಚೆ, ಒಂದು ತಿರುವು ದಾಟಿದರೆ ಆಯಿತು. ಬಾಡಿಗೆ ಗಾಡಿ ಓಡಿಸುವ ಡೆನ್ನಿಸನ ಪಿಕಪ್ಪಿನಲ್ಲಿ ನಮ್ಮನ್ನು ತುಂಬಿದರು. ತಿರುವಿನಲ್ಲಿ ಗಣಿ ಇಲಾಖೆಯ ಜೀಪು ನಿಂತಿತ್ತು. ಇಳಿದು ಬಂದವರು ಇನ್ನೂ ಎಳೆಯ ವಯಸ್ಸಿನ ಮಹಿಳಾ ಅಧಿಕಾರಿ.

"ಸಾಗಣೆ ಪಾಸ್ ಎಲ್ಲಿ?"

"ಮನೆ ಕಲ್ಲು ಮೇಡಂ," ಎಂದ ಡೆನ್ನಿಸ್. "ಇವರದ್ದೇ ಜಾಗದ್ದು."

ಐತಪ್ಪ ಅನುಮತಿ ಪತ್ರ ಕೊಟ್ಟ. ಅವರು ಎರಡೂ ಪುಟ ಓದಿದರು.

"ಈ ಸರ್ವೆ ನಂಬರಿನ ಒಳಗೆ ಬಳಸಿ ಅಂತ ಬರೆದಿದೆ. ನೀವೀಗ ಎಲ್ಲಿದ್ದೀರಿ?"

"ರಸ್ತೆಯಲ್ಲಿ."

"ಮಾರಿದ್ದಾ?"

"ಮಾರ್ಲಿಲ್ಲ ಮೇಡಂ, ಬದಲು. ಹಸಿ ಕೊಟ್ಟು ಗಟ್ಟಿ ತರ್ಲಿಕ್ಕೆ. ಇಲ್ಲಿ ಎಲ್ಲರೂ ಮಾಡ್ತಾರೆ."

"ಎಲ್ಲರ ಹೆಸರೂ ಬರ್ಕೊಳ್ಳಾ?"

ಅಧಿಕಾರಿ ದನಿ ಏರಿಸಲಿಲ್ಲ. ಐತಪ್ಪನ ಮಾತನ್ನು ನಂಬಿದಂತೆಯೂ ಕಾಣುತ್ತಿತ್ತು. ಆದರೂ ಮೊಕದ್ದಮೆ ದಾಖಲಿಸಿದರು.

ಸಂಜೆ ಪೊಲೀಸ್ ಠಾಣೆಯ ಅಂಗಳದಲ್ಲಿ ನಮ್ಮನ್ನು ಸುರಿದರು. ಲೋಲಾಕ್ಷಿ ಓಡಿ ಬಂದಳು. "ಕದ್ದದ್ದಲ್ಲ ಸರ್. ಪಕ್ಕದ ಮನೆಗೆ ಹೋದದ್ದು ಅಷ್ಟೇ."

"ಕಲ್ಲಿಗೆ ಪಕ್ಕದ ಮನೆ ಅಂತ ಇಲ್ಲ ಅಕ್ಕ," ಎಂದ ಪೇದೆ.

ದಂಡ ಕಟ್ಟಿದ ಮೇಲೆ ಪಿಕಪ್ ಹೋಯಿತು. ಮೊಕದ್ದಮೆ ಮುಗಿಯುವವರೆಗೆಂದು ನಾವು ಉಳಿದೆವು. ನಿವೇಶನದಲ್ಲಿ ಕಲ್ಲು ತೆಗೆಯುವುದೂ ನಿಂತಿತು. ಹಳೆ ಕಲ್ಲು ತರಲು ಬೇರೆ ಯಾವ ಗಾಡಿಯವನೂ ಧೈರ್ಯ ಮಾಡಲಿಲ್ಲ. ಜನವರಿಯ ಕಲ್ಲಿನಲ್ಲಿ ಅಡುಗೆಮನೆ, ಒಂದು ಕೋಣೆ ಏಳಬಹುದು ಎಂದು ಮೇಸ್ತ್ರಿ ಲೆಕ್ಕ ಹಾಕಿದನಂತೆ. ಮರುದಿನ ಲೋಲಾಕ್ಷಿ ಠಾಣೆಯ ಅಂಗಳದಲ್ಲಿ ನಿಂತು, ನಮ್ಮ ಕಡೆ ನೋಡದೆ ಗಂಡನಿಗೆ ಹೇಳಿದಳು: "ಹೊಲಿಗೆ ಕೋಣೆ ಈಗ ಬೇಡ."

ಅಂಗಳದಲ್ಲಿ ನೆಮ್ಮದಿ ಇರಲಿಲ್ಲ. ಗೇಟು ಕಿರ್ರೆಂದಾಗಲೆಲ್ಲ ನಮ್ಮನ್ನು ಒಯ್ಯಲು ಬಂದರೆಂದು ಅನಿಸುತ್ತಿತ್ತು. ಜಪ್ತಿಯಾದ ಬೈಕೊಂದರ ಸ್ಟ್ಯಾಂಡ್ ನನ್ನ ಮೂಲೆಯನ್ನು ತಿಂದಿತು. ಪೇದೆ ನನ್ನನ್ನು ಬೇವಿನ ಮರದಡಿಗೆ ಉರುಳಿಸಿ ಕೂರಲು ಇಟ್ಟುಕೊಂಡ. ಡೆನ್ನಿಸ್ ಮೊಕದ್ದಮೆಯ ಕಾಗದಕ್ಕೆ ಸಹಿ ಹಾಕಲು ಠಾಣೆಗೆ ಬಂದಾಗ ಪೇದೆಗೆ ಸುದ್ದಿ ಹೇಳುತ್ತಿದ್ದ: ಲೈನ್ ಕೋಣೆ ಕೆಡವುವ ಮೊದಲೇ ಲೋಲಾಕ್ಷಿ, ಐತಪ್ಪ ಹೊಸ ಮನೆಗೆ ಹೋದರು, ಯಂತ್ರ ಜಗಲಿಯಲ್ಲಿ ಟಾರ್ಪಾಲಿನ ಕೆಳಗಿದೆ, ಯಾರದೋ ಮದುವೆಯ ರವಿಕೆ ಮಳೆಗೆ ನೆನೆದು ಬಣ್ಣ ಬಿಟ್ಟಿತು, ಈಗ ಬಟ್ಟೆ ಕೊಡುವವರು ಕಡಿಮೆ. ಅಷ್ಟರಲ್ಲಿ ನಾನು ಪೂರ್ತಿ ಬಿಗಿದಿದ್ದೆ. ಯಾವ ಗೋಡೆಗೂ ಸಲ್ಲುವ ಕಲ್ಲಾಗಿದ್ದೆ, ಕೂತದ್ದು ಮಾತ್ರ ಮರದಡಿ.

ಮುಂದಿನ ಫೆಬ್ರವರಿಯಲ್ಲಿ ಬಿಡುಗಡೆಯ ಆದೇಶ ಬಂತು. ಈ ಸಲ ಲೋಲಾಕ್ಷಿ ಸಾಗಣೆ ಪಾಸ್ ಹಿಡಿದುಕೊಂಡೇ ಬಂದಳು. ಎಲ್ಲ ಕಲ್ಲು ಪಿಕಪ್ಪಿಗೆ ಏರಿದವು. ನನ್ನ ಮೇಲೆ ಪೇದೆ ಕೂತಿದ್ದ.

"ಏಳಿ ಸರ್."

"ಇದೊಂದು ಬಿಡಿ ಅಕ್ಕ. ಮೂಲೆ ಹೋದ ಕಲ್ಲು, ನಿಮಗೆ ಎಂತಕ್ಕೆ?"

"ಪಾಸಿನಲ್ಲಿ ಎಷ್ಟು ಬರೆದಿದೆಯೋ ಅಷ್ಟೂ ಹೋಗ್ಬೇಕು. ಒಂದು ಕಮ್ಮಿ ಆದ್ರೆ ಯಾರಿಗೆ ಮಾರಿದ್ದು ಅಂತ ಕೇಳ್ತಾರೆ. ನೀವೇ ಕೇಳ್ತೀರಿ."

ಪೇದೆ ನಗುತ್ತ ಎದ್ದ.

ಕೊರಗಪ್ಪ ನನ್ನನ್ನು ತಿರುಗಿಸಿ ನೋಡಿ ಗೋಡೆಗೆ ಬೇಡವೆಂದ. ಮನೆಯಂಗಳದ ಮೂಲೆಯಲ್ಲಿ ಬಟ್ಟೆ ಒಗೆಯುವ ಜಾಗಕ್ಕೆ ಹಾಕಿದರು. ಈಗಲೂ ಅಲ್ಲಿಯೇ ಇದ್ದೇನೆ, ಹುಟ್ಟಿದ ಗುಂಡಿಯಿಂದ ಕೆಲವೇ ಮಾರು ದೂರ. ಒಂದು ರಸ್ತೆ ದಾಟಲು ಹೊರಟು ಇಷ್ಟು ಸುತ್ತಿದ ಮೇಲೂ ನನಗೆ ಒಂದು ಅರ್ಥವಾಗಿಲ್ಲ: ನೆಲ ಅವರದಾಗಿತ್ತು, ಕಲ್ಲು ಎಲ್ಲಿಯವರೆಗೆ ಅವರದು? ನಿಯಮದಲ್ಲಿ ಉತ್ತರ ಇದೆ. ಅದನ್ನು ಲೋಲಾಕ್ಷಿ ಈಗ ನನಗಿಂತ ಚೆನ್ನಾಗಿ ಬಲ್ಲಳು.

ಹೊಲಿಗೆ ಕೋಣೆಯ ಗೋಡೆಗಳು ಲಿಂಟಲ್ ಮಟ್ಟಕ್ಕೆ ಬಂದ ದಿನ ಪಂಚಾಯತ್‌ನವರು ಬಂದು, ಈ ಕೋಣೆಗೆ ಪರವಾನಗಿ ಇದೆಯೇ ಎಂದು ಕೇಳಿದರು. ಅವಳು ಒಳಗೆ ಹೋಗಿ ನಕ್ಷೆ ತಂದು ಬಿಡಿಸಿ ತೋರಿಸಿದಳು. ಕೋಣೆ ಮೊದಲಿನಿಂದಲೂ ನಕ್ಷೆಯಲ್ಲಿತ್ತು. ಅವರು ನೋಡಿ ಹೋದರು. ಆ ವಾರವೇ ಕೋಣೆಗೆ ಸ್ಲ್ಯಾಬ್ ಹಾಕಿದರು.