ಉಸಿರಾಡಿದ ಕುರ್ಚಿ

"ಅವಳ ಬೂಟು ಕಾಣ್ತಿದೆ, ಬಟ್ಟೆ ಇನ್ನೂ ಕೆಳಗೆಳಿ," ಎಂದರು ಮನೆಯ ಯಜಮಾನ ವಾರೆನ್ ಸಾಹೇಬರು ಕ್ಯಾಮೆರಾದ ಹಿಂದಿನಿಂದ. ಅಡುಗೆಯ ಒಕ್ತಾವಿ ಎಳೆದಳು. ಹೂಬಳ್ಳಿಯ ಬಟ್ಟೆಯೊಳಗೆ ಹಾಲೂಡುವ ದಾದಿ ಫಿಲಿಬೆರ್ತ್ ಪೂರ್ತಿ ಮುಚ್ಚಿಹೋದಳು. ಈಗ ಅವಳು ಕುರ್ಚಿ.

ಲಿಯೋನ್ ಪಟ್ಟಣದ ದೊಡ್ಡಮನೆಗಳಲ್ಲಿ ಮಕ್ಕಳ ಫೋಟೋ ತೆಗೆಸುವಾಗ ಇದು ಮಾಮೂಲು. ಮಗು ಅಲುಗಬಾರದು, ಹಿಡಿದವಳು ಕಾಣಬಾರದು. ಈ ಸಲದ್ದು ಮಾತ್ರ ಆಗಷ್ಟೇ ಹುಟ್ಟಿದ ಚಲಿಸುವ ಚಿತ್ರ, ಊರಿಗೆಲ್ಲ ತೋರಿಸುವಂಥದ್ದು. ತಾಯಿ ಗಂಜಿ ತಿನ್ನಿಸಬೇಕು, ಮಗು ನಗಬೇಕು. ಪುಟ್ಟ ಅರ್ಮಾನನಿಗೋ ಅಮ್ಮನವರ ಮಡಿಲೆಂದರೆ ಅಳು, ಅದಕ್ಕೇ ಈ ಕುರ್ಚಿ. ಹೆತ್ತದ್ದು ಬಿಟ್ಟರೆ ಅವರು ಮಾಡಿದ್ದಾದರೂ ಏನು!

"ಸಾಹೇಬ್ರೇ, ಇದು ಮುಗಿದ್ರೆ ಊರಿಗೆ ಹೋಗ್ಬಹುದಲ್ವಾ?" ಬಟ್ಟೆಯೊಳಗಿಂದ ದನಿ ಬಂತು. ಅವಳ ಮಗ ಲಜಾರ್, ಅರ್ಮಾನನ ವಯಸ್ಸಿನವನೇ, ಮೊರ್ವಾನ್ ಬೆಟ್ಟದ ಹಳ್ಳಿಯಲ್ಲಿ ಅಜ್ಜಿಯ ಹತ್ತಿರ ಆಡಿನ ಹಾಲು ಕುಡಿದು ಬೆಳೆಯುತ್ತಿದ್ದ. ಜ್ವರ ಜೋರಾಗಿದೆಯೆಂದು ಹೇಳಿಕಳಿಸಿದ್ದರು.

"ಚಿತ್ರ ಚೆನ್ನಾಗಿ ಬರ್ಲಿ, ನೋಡೋಣ. ಕುರ್ಚಿ ಮಾತಾಡಲ್ಲ ಕಣೇ!" ಸಾಹೇಬರು ನಕ್ಕರು. ಒಕ್ತಾವಿ ನಗಲಿಲ್ಲ.

ಕ್ಯಾಮೆರಾದ ಹಿಡಿಕೆ ತಿರುಗಿತು. ಮಗು ಅಮ್ಮನವರ ಚಮಚ ತಳ್ಳಿ ತುಟಿ ಸೊಟ್ಟಗೆ ಮಾಡಿತು. ಇದು ಕೆಟ್ಟರೆ ರೈಲೂ ತಪ್ಪುತ್ತದೆ. ಫಿಲಿಬೆರ್ತ್ ಮೆಲ್ಲಗೆ ಗುನುಗಿದಳು. ಲಜಾರನ ಹೆಸರಿಟ್ಟು ತಾನೇ ಕಟ್ಟಿದ್ದ ಜೋಗುಳ. ಚಿತ್ರಕ್ಕೇನು ಕಿವಿಯಿಲ್ಲವಲ್ಲ. ಅರ್ಮಾನ್ ಬಟ್ಟೆಗೆ ಕೆನ್ನೆಯಾನಿಸಿ ನಕ್ಕ, ಗಂಜಿಗೆ ಬಾಯಿ ತೆರೆದ.

"ಭೇಷ್!" ಎಂದರು ಸಾಹೇಬರು.

ಫಿಲಿಬೆರ್ತ್ ಬಟ್ಟೆ ಸರಿಸಿ ಬೆವರೊರೆಸಿಕೊಂಡಳು. "ಹಾಗಾದ್ರೆ ಹೊರಡ್ಲಾ?"

ಅಮ್ಮನವರು ಚಮಚ ನೋಡುತ್ತ ಕೂತರು. ಒಕ್ತಾವಿಗೆ ತಡೆಯಲಾಗಲಿಲ್ಲ. "ಭಾನುವಾರಾನೇ ಮಣ್ಣು ಮಾಡಿದ್ರಂತೆ ಕಣೇ. ನಿಂಗೆ ಹೇಳಿದ್ರೆ ಹಾಲು ಬತ್ತುತ್ತೆ ಅಂತ ನಮ್ಮೆಲ್ಲರ ಬಾಯಿ ಮುಚ್ಚಿಸಿದ್ರು."

ದಾದಿಯರ ಕಿವಿಗೆ ಸಾವಿನ ಸುದ್ದಿ ಹಾಕದಿರುವುದು ಆ ಮನೆಗಳ ಪದ್ಧತಿ. ಅದನ್ನವರು ದಯೆ ಎನ್ನುತ್ತಿದ್ದರು. ಫಿಲಿಬೆರ್ತ್ ಊರಿಗೆ ಹೋಗಲಿಲ್ಲ. ಹೋಗಿ ಯಾರನ್ನು ಎತ್ತಿಕೊಳ್ಳಬೇಕಿತ್ತು?

ಚಳಿಗಾಲದಲ್ಲಿ ಚಿತ್ರ ತೋರಿಸಿದರು. "ಎಂಥಾ ತಾಯಿ!" ಎಂದು ಹೆಂಗಸರು ಕೊಂಡಾಡಿದರು, ಅಮ್ಮನವರು ನಾಚಿದರು.

"ಅಲ್ನೋಡ್ರೋ, ಕುರ್ಚಿ ಉಸಿರಾಡ್ತಿದೆ!" ಎಂದು ಯಾವನೋ ಕೂಗಿದ. ಜನ ಬಿದ್ದು ಬಿದ್ದು ನಕ್ಕರು. ತೆರೆಯ ಮೇಲೆ ಹೂಬಳ್ಳಿ ಏರಿ ಇಳಿಯುತ್ತಲೇ ಇತ್ತು. ಹಾಡು ಯಾರಿಗೂ ಕೇಳಿಸಲಿಲ್ಲ.

ಕೊನೆಯ ಸಾಲಿನಲ್ಲಿ ಅರ್ಮಾನ್ ಹಸಿದು ಮುಲುಗಿದ. ಫಿಲಿಬೆರ್ತ್ ಕತ್ತಲಲ್ಲೇ ಗುಂಡಿ ಬಿಚ್ಚಿ ಅವನನ್ನು ಎದೆಗೆ ಹಾಕಿಕೊಂಡಳು. ಹಾಲು ಬತ್ತಿರಲಿಲ್ಲ.