ಮೂರು ಮನೆಗೆ ಹಂಚುವ ಆಟ

ನಮ್ಮ ಮನೆಯಲ್ಲಿ ಬೆಳಗಿನ ಗಲಾಟೆ ಎಂದರೆ ಸ್ನಾನಕ್ಕೆ ಮೊದಲು ಯಾರು ಎಂಬುದೊಂದೇ. ಆ ಮಂಗಳವಾರ ಮಾತ್ರ ಎಂಟನೇ ತರಗತಿಯ ಮಗಳು ಮೊಬೈಲ್ ಹಿಡಿದು ಗರಬಡಿದವಳಂತೆ ಕೂತಿದ್ದಳು. ಶಾಲೆಯ ಮಕ್ಕಳೆಲ್ಲ ಪಿಸುಗುಡುತ್ತಿದ್ದ ದೆವ್ವದ ಆಟವನ್ನು ಯಾರೋ ಅವಳಿಗೂ ಕಳಿಸಿದ್ದರು. ಅದನ್ನು ಮಾಡಿದವರು ಯಾರೆಂದು ಯಾರಿಗೂ ತಿಳಿಯದು. ಆಟ ಮುಗಿದೊಡನೆ ಪರದೆಯ ಮೇಲೆ ಆಡಿದವರದೇ ಮುಖ, ಕೆಳಗೊಂದು ಬೆದರಿಕೆ: ಮೂರು ದಿನದೊಳಗೆ ಮೂರು ಮನೆಗೆ ಕಳಿಸದಿದ್ದರೆ ನಿಮ್ಮ ಮನೆಯ ಹಿರಿಯರು ಸಾಯುತ್ತಾರೆ.

ಹಿರಿಯರೆಂದರೆ ನನ್ನ ಅತ್ತೆ. ಅವರು ಊಟ ಬಿಟ್ಟು ಮಲಗಿದರು.

"ಆಡುವಾಗ ಮೊಬೈಲೇ ಕದ್ದು ತೆಗೆದ ಫೋಟೋ ಅದು, ದೆವ್ವ ಅಲ್ಲ. ಕಳಿಸಿದ್ರೆ ಬೇರೆ ಮಕ್ಕಳ ಫೋಟೋನೂ ಕಳ್ಳರ ಕೈಗೆ ಹೋಗುತ್ತೆ," ಎಂದೆ. ಹಿತ್ತಲ ಗಿಡ ಮದ್ದಲ್ಲ ನೋಡಿ; ಆಸ್ಪತ್ರೆಯಲ್ಲಿ ನಡೆಯುವ ಈ ನರ್ಸಿನ ಮಾತು ಮನೆಯಲ್ಲಿ ನಡೆಯುವುದಿಲ್ಲ.

"ಓದಿದೋರ ಬುದ್ಧಿ ನಿನ್ನ ಹತ್ರಾನೇ ಇರಲಿ," ಎಂದರು ಬೇಕರಿ ನಡೆಸುವ ನನ್ನ ಗಂಡನ ಅಣ್ಣ. "ಎಲ್ಲರೂ ಕಳಿಸ್ತಾರೆ. ನಮಗೆ ಬೇಡದೋರು ಮೂರು ಜನ ಸಿಗಲ್ವಾ?"

ಪಟ್ಟಿ ತಯಾರಾಯಿತು: ಎದುರು ಮನೆಯ ದರ್ಜಿಯ ಮಗಳು, ನೀರಿಗಾಗಿ ಜಗಳವಾಡಿದ ಮಹಡಿಯವರು, ಶಾಲೆಗೆ ಹೊಸದಾಗಿ ಸೇರಿದ ಹುಡುಗಿ.

ಮೂರನೇ ದಿನ ಅತ್ತೆ ನೀರನ್ನೂ ಬಿಟ್ಟರು. ರಕ್ತದೊತ್ತಡ ಇಳಿಯಿತು. ಇದನ್ನು ಓದುವ ತಾಯಂದಿರಿಂದ ಮುಚ್ಚಿಡಲಾರೆ, ಮೊಬೈಲ್ ಎತ್ತಿಕೊಂಡು ದರ್ಜಿಯ ಮಗಳ ನಂಬರ್ ಹುಡುಕಿದವಳು ನಾನೇ.

ಮಗಳು ಅದನ್ನು ನನ್ನ ಕೈಯಿಂದ ಕಿತ್ತುಕೊಂಡಳು.

"ನನಗೆ ಕಳಿಸಿದೋರಿಗೆ ನಾನು ಬೇಡದೋಳು. ನಾನು ಇನ್ಯಾರಿಗೂ ಹಾಗೆ ಮಾಡಲ್ಲ."

"ಅಜ್ಜಿ ಸತ್ತರೆ?" ಎಂದು ಅವಳ ದೊಡ್ಡಪ್ಪ ಗದರಿದರು.

"ಹಸಿವಿಂದ ಸಾಯ್ತಾಳೆ ದೊಡ್ಡಪ್ಪ, ಆಟದಿಂದ ಅಲ್ಲ. ನಿಜ ಅಂತಾನೇ ಇಟ್ಕೊಳ್ಳಿ. ನಮ್ಮಜ್ಜಿ ಉಳೀಲಿ ಅಂತ ಮೂರು ಮನೆಯ ಅಜ್ಜೀರನ್ನ ಕೊಲ್ಲೋಕೆ ಹೊರಟಿದ್ದೀರಲ್ಲ, ಅದನ್ನ ಏನಂತಾರೆ?"

ಅವಳು ಎಲ್ಲರೆದುರೇ ಆಟವನ್ನು ಅಳಿಸಿದಳು. ತರಗತಿಯ ಗುಂಪಿಗೆ ಬರೆದಳು: "ಆಟ ನನ್ನ ಹತ್ರ ಬಂತು. ನಾನು ಯಾರಿಗೂ ಕಳಿಸಿಲ್ಲ. ಹೆದರಿಕೆ ಆದೋರು ನಮ್ಮನೆಗೆ ಬನ್ನಿ." ಆಮೇಲೆ ಹಾಲಿನ ಲೋಟ ಹಿಡಿದು ಅಜ್ಜಿಯ ಪಕ್ಕ ಕೂತಳು.

ಅತ್ತೆ ಎದ್ದು ಕೂತು ಲೋಟ ತೆಗೆದುಕೊಂಡರು.

"ದರ್ಜಿ ಮನೆ ಮುದುಕಿ ನನಗಿಂತ ಎರಡು ವರ್ಷ ದೊಡ್ಡೋಳು," ಎಂದರು. "ನನ್ನ ಸಾವನ್ನ ಅವಳ ಬಾಗಿಲಿಗೆ ಕಳಿಸಬೇಡಿ. ಬಂದ್ರೆ ನಾನೇ ನೋಡ್ಕೋತೀನಿ."